ಮೈದಾನಕ್ಕಿಳಿದ ಪವ್ಲೀನಾ

ನಮ್ಮ ಪಕ್ಕದ ಮನೆಯ ಪವ್ಲೀನಾ ಕ್ರಾಯ್ಚಿಯನ್ನು ಊರವರು ಇವತ್ತಿಗೂ 'ಪಂದ್ಯ ಕೆಡಿಸಿದವಳು' ಅಂತಲೇ ಕರೆಯುತ್ತಾರೆ. ಕರೆಯಲಿ ಬಿಡಿ. ಅವರ ಬಾಯಿಗೆಲ್ಲ ಬೀಗ ಹಾಕುತ್ತಾ ಕೂರೋದಕ್ಕೆ ನನಗೆ ಪುರುಸೊತ್ತಿಲ್ಲ. ಆದರೆ ಗಣಿ ಕಂಪನಿ ಕಟ್ಟಿಸಿದ ಜೋಡಿಮನೆಯಲ್ಲಿ ಅವಳ ಜೊತೆ ಒಂದೇ ಗೋಡೆ ಹಂಚಿಕೊಂಡು ಬದುಕಿದವಳು ನಾನು. ಅವಳ ಕೆಮ್ಮು, ಪ್ರಾರ್ಥನೆ, ಬೈಗುಳ ಎಲ್ಲ ಗೋಡೆಯ ಈಚೆಗೆ ಕೇಳುತ್ತಿತ್ತು.

ಅವಳ ಗಂಡ ಯುರಾಯ್‌ಗೆ ಗಣಿಯಲ್ಲಿ ಕಲ್ಲು ತಲೆಗೆ ಬಡಿದಿತ್ತು. "ಏನೂ ಆಗಿಲ್ಲ" ಅಂತ ತಾನೇ ನಡೆದುಕೊಂಡು ಮನೆಗೆ ಬಂದ. ಹುಳಿ ಎಲೆಕೋಸಿನ ಸಾರು ಕುಡಿಯೋದಕ್ಕೆ ಕೂತವನು ಚಮಚ ಕೇಳುವ ಬದಲು "ಬಾಗಿಲು ಕೊಡು" ಅಂದ. ಕುಡಿದು ಬಂದಿದ್ದಾನೆ ಅಂದುಕೊಂಡು ಪವ್ಲೀನಾ ನಕ್ಕಳು. ಮಲಗಿದವನು ಏಳಲೇ ಇಲ್ಲ. ಸತ್ತದ್ದು ಮನೆಯಲ್ಲಿ ಅಂತ ಕಂಪನಿಯವರು ಕೈ ತೊಳೆದುಕೊಂಡರು. ಅವರ ಮನೆ ಹಾಳಾಗ! ಅವಳಿಗೆ ಉಳಿದದ್ದು ಮಗ ಎಮಿಲ್ ಒಬ್ಬನೇ. ಕಂಡವರ ಬಟ್ಟೆ ಒಗೆದು ಅವನನ್ನು ಸಾಕಿದಳು. ಮಗ ಗಣಿಗೆ ಇಳಿಯಬಾರದು, ಸ್ಕೂಲು ಮೇಷ್ಟ್ರಾಗಬೇಕು, ಇದೊಂದೇ ಅವಳ ಹಟ.

ಎಮಿಲ್ ಗೂಳಿಯ ಹಾಗೆ ಬೆಳೆದ. ಗುಡ್ಡದ ಮೇಲಿನ ಕಾಲೇಜಿನವರು ಆ ಹೆಗಲು ನೋಡಿಯೇ ಕರೆದು ಫುಟ್‌ಬಾಲ್ ತಂಡಕ್ಕೆ ಸೇರಿಸಿಕೊಂಡರು. ಕಾಲಲ್ಲಿ ಒದೆಯುವ ಫುಟ್‌ಬಾಲ್ ಅಲ್ಲ, ಚೆಂಡು ಕೈಯಲ್ಲಿ ಹಿಡಿದು ಮೈಗೆ ಮೈ ಗುದ್ದಾಡುವ ಆಟ. ಫೀಸು ಮಾಫಿ. ಕೋಚ್ ಹ್ಯಾಡ್ಲಿ ಹಾಕಿದ ಷರತ್ತು ಒಂದೇ: ಸೀಸನ್ ಮುಗಿಯುವವರೆಗೆ ತಂಡದಲ್ಲಿ ನಿಂತವನಿಗೆ ಮಾತ್ರ ಮುಂದಿನ ವರ್ಷವೂ ಮಾಫಿ.

ಅದು ಐವತ್ಮೂರನೇ ಇಸವಿ. ಆ ವರ್ಷವೇ ಹೊಸ ನಿಯಮ ಬಂದಿತ್ತು. ಆಟದ ನಾಲ್ಕು ಭಾಗಗಳಲ್ಲಿ ಯಾವುದರ ನಡುವೆ ಹೊರಗೆ ಬಂದರೂ, ಆ ಭಾಗ ಮುಗಿಯುವವರೆಗೆ ಹೆಚ್ಚುಕಮ್ಮಿ ಹೊರಗೇ ಕೂರಬೇಕು. ಹಾಗಾಗಿ ಹಲ್ಲು ಉದುರಿದರೂ ಯಾರೂ ಹೊರಗೆ ಬರುತ್ತಿರಲಿಲ್ಲ. ಎಮಿಲ್‌ದು ಸಾಲಿನ ಮಧ್ಯದ ಜಾಗ. ಕಾಲುಗಳ ಸಂದಿಯಿಂದ ಚೆಂಡು ಹಿಂದಕ್ಕೆ ಕೊಡಬೇಕು, ಮರುಕ್ಷಣವೇ ಎದುರಿನವನಿಗೆ ತಲೆ ಕೊಟ್ಟು ಗುದ್ದಬೇಕು. ಮೊದಲ ಪಂದ್ಯಗಳನ್ನು ಗೆದ್ದಾಗ ಊರೆಲ್ಲ ಕುಣಿಯಿತು. ಅಕ್ಟೋಬರ್ ಹೊತ್ತಿಗೆ ಅರ್ಧ ತಂಡ ಕುಂಟುತ್ತಿತ್ತು.

ಒಂದು ಭಾನುವಾರ ನಾನೂ ಅವರ ಮನೆಯಲ್ಲೇ ಊಟಕ್ಕೆ ಕೂತಿದ್ದೆ. ಎಮಿಲ್ ನಗುನಗುತ್ತಾ ಹೇಳುತ್ತಿದ್ದ: "ತಲೆಗೆ ಪೆಟ್ಟು ಬಿದ್ರೆ ನಮ್ಮ ಡಾಕ್ಟರು ಬೆರಳು ತೋರಿಸಿ ಎಷ್ಟು ಅಂತ ಕೇಳ್ತಾನಮ್ಮ. ಯಾವಾಗ್ಲೂ ಎರಡೇ ತೋರಿಸೋದು! ಕಣ್ಣು ಮುಚ್ಕೊಂಡೇ ಎರಡು ಅಂದುಬಿಡ್ತೀವಿ." ಆಮೇಲೆ ಉಪ್ಪಿನ ಕಡೆ ಕೈ ತೋರಿಸಿ, "ಆ ಏಣಿ ಈ ಕಡೆ ಕೊಡು" ಅಂದ.

ಪವ್ಲೀನಾ ಚಮಚ ಕೆಳಗಿಟ್ಟು ಎದ್ದು ನಿಂತಳು.

"ಸಾಕು ಕಣೋ. ನಾಳೆಯಿಂದ ಆಟಕ್ಕೆ ಹೋಗ್ಬೇಡ."

"ಸುಮ್ನಿರಮ್ಮ. ಮೇಷ್ಟ್ರಾಗೋದು ಬೇಡ್ವಾ ನಾನು?"

"ಮೇಷ್ಟ್ರಾಗೋಕೆ ತಲೆ ಬೇಡ್ವೇನೋ, ಮೂದೇವಿ!"

ಮಾರನೇ ದಿನ ಗಸಗಸೆ ಸುರುಳಿ ರೊಟ್ಟಿ ಸುತ್ತಿಕೊಂಡು ಕೋಚ್ ಹತ್ತಿರ ಹೋದಳು. ಅವನು ರೊಟ್ಟಿ ತೆಗೆದುಕೊಂಡ. "ನಿಮ್ಮ ಮಗ ಸಿಂಹ ಕಣ್ರೀ, ಹೆದರಬೇಡಿ" ಅಂತ ಬೆನ್ನು ತಟ್ಟಿ ಕಳಿಸಿದ. ಸಿಂಹವಂತೆ! ಅವನ ಮಗನನ್ನು ಅಲ್ಲಿ ನಿಲ್ಲಿಸಬೇಕಿತ್ತು.

ನವೆಂಬರಿನ ಕೊನೆಯ ಪಂದ್ಯಕ್ಕೆ ನನ್ನನ್ನೂ ಎಳೆದುಕೊಂಡು ಹೋದಳು. ಅದಕ್ಕೂ ಮುಂಚೆ ಅವಳು ಆಟ ನೋಡಿದವಳೇ ಅಲ್ಲ. ನಮ್ಮವರು ಸ್ವಲ್ಪ ಮುಂದಿದ್ದರು. ಮೂರನೇ ಭಾಗದಲ್ಲಿ ಎಮಿಲ್ ಬಿದ್ದ. ಡಾಕ್ಟರು ಓಡಿಹೋಗಿ ಮೂಗಿಗೆ ಘಾಟಿನ ಸೀಸೆ ಹಿಡಿದು, ಬೆರಳು ತೋರಿಸಿದ. ಎಮಿಲ್ ತುಟಿ ಆಡಿಸಿದ, ಎದ್ದ, ನೆಟ್ಟಗೆ ನಡೆದುಹೋಗಿ ಎದುರಾಳಿಗಳ ಸಾಲಿನಲ್ಲಿ ನಿಂತುಕೊಂಡ.

ಇಡೀ ಮೈದಾನ ಹೊಟ್ಟೆ ಹಿಡಿದುಕೊಂಡು ನಕ್ಕಿತು. ನಾನೂ ನಗುತ್ತಾ ಪಕ್ಕಕ್ಕೆ ತಿರುಗಿದರೆ ಪವ್ಲೀನಾ ಅಲ್ಲಿಲ್ಲ.

ತಲೆವಸ್ತ್ರ, ರಬ್ಬರ್ ಬೂಟು, ಮೈಮೇಲೆ ಗಂಡನ ಹಳೆಯ ಕೋಟು. ಸುಣ್ಣದ ಗೆರೆ ದಾಟಿ ಮೈದಾನದ ನಡುವೆ ನಡೆದುಹೋಗುತ್ತಿದ್ದಳು. "ಏಯ್, ಯಾರದು ಆ ಮುದುಕಿ? ಹೊರಗೆ ಹಾಕ್ರೋ!" ಅಂತ ಕೂಗಾಟ. ರೆಫ್ರಿ ಸೀಟಿ ಊದಿದ. ಅವಳು ತಲೆ ಎತ್ತಿಯೂ ನೋಡಲಿಲ್ಲ, ಮಗನ ತೋಳು ಹಿಡಿದಳು.

"ನಡಿ ಮನೆಗೆ."

"ಬಿಡಮ್ಮಾ... ಮಾನ ಹೋಗುತ್ತೆ."

"ಹೋಗ್ಲಿ. ಅದನ್ನ ಆಮೇಲೆ ತರೋಣ. ನಡಿ."

ಅಷ್ಟು ದೊಡ್ಡ ಆಳು, ಕರುವಿನ ಹಾಗೆ ಅವಳ ಹಿಂದೆ ಬಂದ. ರೆಫ್ರಿ ನಮ್ಮವರಿಗೆ ದಂಡ ಹಾಕಿ ಹದಿನೈದು ಗಜ ಹಿಂದಕ್ಕೆ ತಳ್ಳಿದ. ಎಮಿಲ್ ಜಾಗಕ್ಕೆ ಬಂದ ಹುಡುಗ ಚೆಂಡನ್ನು ಹಿಂದೆ ನಿಂತ ನಮ್ಮ ಆಟಗಾರನ ತಲೆಯ ಮೇಲಿಂದ ಹಾರಿಸಿಬಿಟ್ಟ; ಅದು ಎದುರಾಳಿಗಳ ಪಾಲಾಯಿತು. ಸೋತೆವು. ಊರಿನ ಮಟ್ಟಿಗೆ ತಪ್ಪೆಲ್ಲ ಪವ್ಲೀನಾಳದ್ದೇ ಆಯಿತು.

ಫೀಸು ಮಾಫಿ ಹೋಯಿತು. ಒಗೆಯೋದಕ್ಕೆ ಬಟ್ಟೆ ಕೊಡುತ್ತಿದ್ದವರಲ್ಲಿ ಮುಕ್ಕಾಲು ಜನ ಕೊಡೋದು ನಿಲ್ಲಿಸಿಬಿಟ್ಟರು. ಇನ್ನೇನು ಮಾಡಿಯಾನು, ಚಳಿ ಕಳೆಯುವ ಮೊದಲೇ ಎಮಿಲ್ ಅಪ್ಪ ಇಳಿದ ಗಣಿಗೇ ಇಳಿದ. ತಾಯಿಯ ಜೊತೆ ಮಾತು ಬಿಟ್ಟ. ಬರುತ್ತಿದ್ದ, ತಿನ್ನುತ್ತಿದ್ದ, ಮಲಗುತ್ತಿದ್ದ. ನನ್ನ ಜೊತೆ ಆಡುತ್ತಿದ್ದ ನಾಲ್ಕು ಮಾತೂ ಸರಿ ಬರುತ್ತಿರಲಿಲ್ಲ. ನಮ್ಮ ಬೆಕ್ಕನ್ನು 'ಬಕೆಟ್ಟು' ಅಂದು, ತಾನೇ ಬೆಚ್ಚಿ ನಿಲ್ಲುತ್ತಿದ್ದ. ಪವ್ಲೀನಾ ರಾತ್ರಿ ಎದ್ದು ಅವನ ಉಸಿರು ನೋಡಿ ಬರುತ್ತಿದ್ದಳು. "ತಪ್ಪು ಮಾಡಿದ್ನೇನೇ?" ಅಂತ ನನ್ನನ್ನು ಕೇಳುವಳು. ಓದೂ ಹೋಯಿತು, ತಲೆಯೂ ಉಳಿಯಿತೋ ಇಲ್ಲವೋ ಗೊತ್ತಿಲ್ಲ.

ಈಸ್ಟರ್ ಆದ ಮೇಲೆ ಒಂದು ಸಂಜೆ ಗೋಡೆಯಾಚೆ ಗುಡುಗಿದಂತಾಯಿತು. ಎಮಿಲ್! "ನನ್ನ ಬಾಳೇ ಹಾಳು ಮಾಡಿದೆಯಲ್ಲೇ! ಪುಸ್ತಕ ಹಿಡಿಯೋ ಕೈಗೆ ಸನಿಕೆ ಕೊಟ್ಟೆ! ಊರಿನ ಮುಂದೆ ಎಳೆಮಗು ಥರ ಎಳ್ಕೊಂಡು ಬಂದೆ! ನೀನು ತಾಯಿಯಲ್ಲ, ಪಿಶಾಚಿ!" ಇನ್ನೂ ಎಷ್ಟೋ ಅಂದ, ಬರೆಯೋದಕ್ಕೆ ನಾಚಿಕೆ. ಬಾಗಿಲು ದಢಾರಂತ ಬಡಿದುಕೊಂಡು ಹೊರಟುಹೋದ.

ಅವಳ ಎದೆ ಒಡೆದಿರುತ್ತೆ ಅಂತ ಓಡಿದೆ. ಮೆಟ್ಟಿಲ ಮೇಲೆ ಕೂತಿದ್ದಳು, ಏಪ್ರನ್ನಿನ ತುದಿಯಲ್ಲಿ ಕಣ್ಣು ಒರೆಸಿಕೊಳ್ಳುತ್ತಾ. ಅಳುತ್ತಿದ್ದಾಳೋ ನಗುತ್ತಿದ್ದಾಳೋ ತಿಳಿಯಲಿಲ್ಲ. ನನ್ನ ಕೈ ಹಿಡಿದು ಪಕ್ಕಕ್ಕೆ ಎಳೆದು ಕೂರಿಸಿಕೊಂಡಳು.

"ಕೇಳಿಸ್ತಾ ಮಾರ್ಗಿತಾ?" ಅಂದಳು. "ಅಷ್ಟು ಉದ್ದ ಬೈದ. ಒಂದೇ ಒಂದು ಪದಾನೂ ತಪ್ಪಲಿಲ್ಲ ಕಣೇ."