ಹೆಸರಿಲ್ಲದ ಪಾತ್ರಗಳ ವಸಂತಾ

ವಾಷಿಂಗ್ಟನ್ ಬಳಿಯ ಗೈದರ್ಸ್‌ಬರ್ಗ್‌ನ ಲ್ಯಾಬೊಂದರಲ್ಲಿ ಟೆಕ್ನಿಷಿಯನ್ ಆಗಿರುವ ವಸಂತಾ ಕನ್ನಡ ಸಂಘದ ನಾಟಕಗಳಲ್ಲಿ ಇಪ್ಪತ್ತು ವರ್ಷ ಅತ್ತೆಯ ಪಾತ್ರವನ್ನೇ ಮಾಡಿದವರು. ಕೋವಿಡ್ ಬಂದು ನಾಟಕಗಳು ನಿಂತವು. ಅದೇ ಹೊತ್ತಿಗೆ ಅಟ್ಲಾಂಟಾದ ಇಂಗ್ಲಿಷ್ ಸೀರಿಯಲ್‌ನವರು ಆಡಿಷನ್‌ಗೆ ಮನೆಯಲ್ಲೇ ವಿಡಿಯೋ ಮಾಡಿ ಕಳಿಸಿದರೆ ಸಾಕು ಎನ್ನತೊಡಗಿದರು. ಐವತ್ತಾರನೆಯ ವಯಸ್ಸಿನಲ್ಲಿ ವಸಂತಾ ಹಿನ್ನೆಲೆಗೆಂದು ಗೋಡೆಗೆ ಬಿಳಿ ಬೆಡ್‌ಶೀಟ್ ಕಟ್ಟಿದರು. ಎದುರು ಪಾತ್ರದ ಮಾತು ಓದುವ ಕೆಲಸ ಗಂಡ ರಮೇಶನದು. ಕೊಲೆಗಾರನ ಬೆದರಿಕೆಯನ್ನೂ ಆತ ಆಫೀಸ್ ಮೀಟಿಂಗ್‌ನ ಧಾಟಿಯಲ್ಲೇ ಓದುತ್ತಿದ್ದ.

"ರೀ, ಸ್ವಲ್ಪ ಕೋಪ ಮಾಡ್ಕೊಳ್ಳಿ."

"ಕೋಪ ನೀನು ಮಾಡ್ಕೋ. ನಾನು ಬರೀ ರೀಡ್ ಮಾಡ್ತೀನಿ."

ಮೊದಲು ಸಿಕ್ಕಿದ್ದು ಒಂದೇ ಮಾತಿನ ನರ್ಸ್ ಪಾತ್ರ. ಶೂಟಿಂಗ್‌ಗೆಂದು ಇಬ್ಬರೂ ಹತ್ತು ಗಂಟೆ ದೂರದ ಅಟ್ಲಾಂಟಾಕ್ಕೆ ಕಾರಿನಲ್ಲಿ ಹೋಗಿಬಂದರು. ಸೀರಿಯಲ್ ಬಂದ ದಿನ ಮನೆ ತುಂಬ ಗೆಳೆಯರು. ಎಪಿಸೋಡ್ ಮುಗಿಯಿತು, ವಸಂತಾ ಕಾಣಿಸಲೇ ಇಲ್ಲ. ಆ ದೃಶ್ಯವನ್ನೇ ತೆಗೆದುಹಾಕಿದ್ದರು. "ನೆಕ್ಸ್ಟ್ ಟೈಮ್ ಬರುತ್ತೆ ಬಿಡಿ ಆಂಟಿ" ಎಂದು ಪಕ್ಕದ ಮನೆಯ ಶ್ರಾವಣಿ ಹೇಳಿದಾಗ ನಕ್ಕು, ಎಲ್ಲರಿಗೂ ಬಿಸಿಬೇಳೆಬಾತ್ ಬಡಿಸಿದರು. ಮರುದಿನ ಬೆಡ್‌ಶೀಟ್ ಬಿಚ್ಚಿ ಒಗೆಯಲು ಹಾಕಿದರು. ಎಂಟು ತಿಂಗಳು ನಟನೆಯ ಮಾತೇ ಎತ್ತಲಿಲ್ಲ.

ಬಳಿಕ ಬೆಡ್‌ಶೀಟ್ ಮತ್ತೆ ಗೋಡೆಗೇರಿತು. ಒಂದು ಜಾಹೀರಾತಿನಲ್ಲಿ ಅಜ್ಜಿ, ಶಾರ್ಲೆಟ್‌ನಲ್ಲಿ ತೆಗೆದ ಸಿನಿಮಾದಲ್ಲಿ ಬಸ್ಸಿಗೆ ಕಾಯುವ ಹೆಂಗಸು. 2024ರಲ್ಲಿ ವಾಷಿಂಗ್ಟನ್‌ನ ಪುಟ್ಟ ರಂಗಮಂದಿರವೊಂದು ಹಂಗೇರಿಯ ನಟಿಯೊಬ್ಬಳ ಕಥೆಯನ್ನು ಆಡಿತು. ಬುಡಾಪೆಸ್ಟ್ ಬಿಟ್ಟು ಓಡಿಹೋಗುವ ಆ ನಟಿಗೆ ಬಟ್ಟೆ ತೊಡಿಸುವ ಮುದುಕಿಯಾಗಿ ವಸಂತಾ. ಹಂಗೇರಿಯ ಉಚ್ಚಾರಣೆ ಕಲಿಯಬೇಕೇ ಎಂದು ಕೇಳಿದ್ದಕ್ಕೆ ನಿರ್ದೇಶಕಿ ಬೇಡವೆಂದರು. ಎದುರಿನವರು ಮಾತಾಡುವಾಗ ನೀವು ಕೇಳಿಸಿಕೊಳ್ಳುವ ರೀತಿಗಾಗಿಯೇ ಆರಿಸಿದ್ದೇನೆ ಎಂದರು.

ಮೂರನೆಯ ಪ್ರದರ್ಶನದಲ್ಲಿ ನಾಯಕಿಗೆ ಮಾತು ಮರೆತುಹೋಯಿತು. ಹುಡುಗಿಯ ಕಣ್ಣಲ್ಲಿ ಭಯ. ವಸಂತಾ ಅವಸರ ಮಾಡಲಿಲ್ಲ. ಹತ್ತಿರ ಹೋಗಿ ಅವಳ ಕೋಟಿನ ಗುಂಡಿ ಹಾಕುತ್ತಾ, ಪೆಟ್ಟಿಗೆ ಕಟ್ಟಿದ್ದೀಯಲ್ಲ, ರೈಲು ಎಷ್ಟು ಹೊತ್ತಿಗೆ ಎಂದು ಇಂಗ್ಲಿಷಿನಲ್ಲಿ ಮೆಲ್ಲಗೆ ಕೇಳಿದರು. ಹುಡುಗಿಗೆ ಮಾತು ನೆನಪಾಯಿತು. ನಾಟಕ ಮುಂದೆ ಸಾಗಿತು. ಪ್ರೇಕ್ಷಕರಿಗೆ ಏನೂ ಗೊತ್ತಾಗಲಿಲ್ಲ.

ಪಾರ್ಕಿಂಗ್ ಲಾಟ್‌ನಲ್ಲಿ ರಮೇಶ ಕೇಳಿದ: "ಆ ರೈಲಿನ ಡೈಲಾಗ್ ಸ್ಕ್ರಿಪ್ಟಲ್ಲಿ ಇರ್ಲಿಲ್ಲ ಅಲ್ವಾ?"

"ಇರ್ಲಿಲ್ಲ. ಯಾರಿಗೂ ಹೇಳೋಕೆ ಹೋಗ್ಬೇಡಿ. ಪಾಪ, ಆ ಹುಡುಗಿಗೆ ಬೇಜಾರಾಗುತ್ತೆ."

"ನಿಂಗೆ ಬೇಜಾರಿಲ್ವಾ? ನೀನು ಮಾಡಿದ್ದು ಯಾರಿಗೂ ಗೊತ್ತಾಗ್ಲಿಲ್ವಲ್ಲ."

ವಸಂತಾ ಸೀಟ್ ಬೆಲ್ಟ್ ಹಾಕಿಕೊಂಡರು. "ಗೊತ್ತಾಗಿದ್ರೆ ನಾನು ಸರಿಯಾಗಿ ಮಾಡಿಲ್ಲ ಅಂತಲೇ ಅರ್ಥ" ಎಂದರು.

ಬೆಡ್‌ಶೀಟ್ ಕಟ್ಟಿದಂದಿನಿಂದ ಇದುವರೆಗೆ ಅವರು ಮಾಡಿದ್ದು ಹನ್ನೊಂದು ಪಾತ್ರ. ಹೆಸರು ಇದ್ದದ್ದು ಎರಡಕ್ಕೆ ಮಾತ್ರ. ಬರುವ ತಿಂಗಳು ನಾರ್ತ್ ಕ್ಯಾರೊಲೈನಾದಲ್ಲಿ ಶೂಟಿಂಗ್, ಲೈಬ್ರರಿಯವಳ ಪಾತ್ರ. ಲ್ಯಾಬಿಗೆ ಆಗಲೇ ರಜೆ ಹಾಕಿದ್ದಾರೆ.