ರೂಬನ್ ಮೇಷ್ಟ್ರ ಹತ್ತು ಮಂದಿ

ಐರ್ಲೆಂಡಿನ ಕಾರ್ಕ್ ಊರಿನ ರೂಬನ್ ಲೆವಿಟಾನ್ ಮೇಷ್ಟ್ರು ದೇವರ ಬಗ್ಗೆ ಮೂರು ಪುಸ್ತಕ ಬರೆದವರು. ಓದಿದವರು ಇಬ್ಬರೇ, ಹೆಂಡತಿ ಎಸ್ತರ್ ಮತ್ತು ದೇವರು. ಇಬ್ಬರಿಗೂ ಹಿಡಿಸಿರಲಿಲ್ಲ. ತಾತ ಲಿಥುವೇನಿಯಾದಿಂದ ಬಂದು ಬಟ್ಟೆಗಂಟು ಹೊತ್ತು ಊರೂರು ಸುತ್ತಿದ ಯಹೂದಿ. ಮೊಮ್ಮಗ ಕಾಲೇಜಿನಲ್ಲಿ ಧರ್ಮಶಾಸ್ತ್ರ ಕಲಿಸಿ ನಿವೃತ್ತರಾದರು. ದೇವರು ಸರ್ವಶಕ್ತನೇನಲ್ಲ, ಅವನೂ ನಮ್ಮ ಹಾಗೇ ಒದ್ದಾಡುತ್ತಾನೆ, ಅವನ ಜೊತೆ ಜಗಳ ಕಾಯುವುದೇ ಪ್ರಾರ್ಥನೆ, ತಲೆ ಎಣಿಸುವುದು ಕುರಿ ಕಾಯುವವನ ಕೆಲಸ ಎಂಬುದು ಅವರ ವಾದ.

ಪಕ್ಕದ ಮನೆಯ ಹೇಮಚಂದ್ರ ಮೈಸೂರಿನ ಸಾಫ್ಟ್‌ವೇರ್ ಇಂಜಿನಿಯರ್. ಕಾಂಪೌಂಡ್ ಗೋಡೆಯ ಈಚೆ ನಿಂತು ಇದನ್ನೆಲ್ಲ ಕೇಳಿ ತಲೆಯಾಡಿಸುತ್ತಿದ್ದ. ಪಾಪ, ಮೇಷ್ಟ್ರು ಅದನ್ನು ಒಪ್ಪಿಗೆ ಎಂದುಕೊಂಡಿದ್ದರು.

ಕೊರೊನಾದ ಮೊದಲ ವಸಂತದಲ್ಲಿ ಎಸ್ತರ್ ತೀರಿಕೊಂಡರು. ಸತ್ತವರಿಗಾಗಿ ಹೇಳುವ ಕದ್ದೀಶ್ ಪ್ರಾರ್ಥನೆಗೆ ಹತ್ತು ಮಂದಿ ಯಹೂದಿಗಳಾದರೂ ಸೇರಬೇಕು ಎನ್ನುತ್ತದೆ ಧರ್ಮ. ಹತ್ತಕ್ಕಿಂತ ಹೆಚ್ಚು ಸೇರಕೂಡದು ಎನ್ನುತ್ತಿತ್ತು ಸರ್ಕಾರ. ಮೇಷ್ಟ್ರಿಗೆ ಗೊತ್ತಿದ್ದ ನಾಲ್ವರು ಯಹೂದಿ ಮುದುಕರಂತೂ ಹೊಸ್ತಿಲು ದಾಟುವಂತಿರಲಿಲ್ಲ.

"ತಲೆ ಎಣಿಸೋದು ದೇವರ ಕೆಲ್ಸ ಅಲ್ಲ ಅಂತ ನೀವೇ ಬರ್ದಿದ್ದೀರಲ್ಲ, ಪ್ರೊಫೆಸರ್. ಒಬ್ರೇ ಹೇಳಿದ್ರೂ ನಡೆಯತ್ತೆ," ಎಂದ ಹೇಮಚಂದ್ರ.

"ಅದನ್ನು ಬರೆದಾಗ ಎಸ್ತರ್ ಬದುಕಿದ್ದಳು," ಎಂದರು ಮೇಷ್ಟ್ರು. "ಈಗ ಅವಳಿಗೆ ಹತ್ತು ಜನ ಬೇಕು."

ಹೇಮಚಂದ್ರ ಫೋನ್ ತೆಗೆದ. ಕಾರ್ಕ್ ಕನ್ನಡಿಗರ ವಾಟ್ಸ್‌ಆ್ಯಪ್ ಗುಂಪಿಗೆ, ಪ್ರಾರ್ಥನೆಗೆ ಹತ್ತು ಮಂದಿ ಬೇಕು ಎಂದು ಸುದ್ದಿ ಹಾಕಿದ.

"ರೀ, ನಾವೇನು ಯಹೂದಿಗಳಾ?" ಎಂದು ಹೆಂಡತಿ ರತ್ನಾ ಗದರಿದಳು. ಆಮೇಲೆ ತಾನೇ ಲ್ಯಾಪ್‌ಟಾಪನ್ನು ಒಯ್ದು ಗೋಡೆಯ ಮೇಲಿಟ್ಟಳು.

ಝೂಮ್‌ನಲ್ಲಿ ಹತ್ತು ಮುಖ ಕೂಡಿದವು. ಡಾಕ್ಟರ್ ಜ್ಯೋತ್ಸ್ನಾ ಆಸ್ಪತ್ರೆಯ ಮೆಟ್ಟಿಲ ಮೇಲೆ ಕೂತಿದ್ದಳು. ಮಗಳ ಮನೆಗೆಂದು ಬಂದು ಲಾಕ್‌ಡೌನಿಗೆ ಸಿಕ್ಕಿಬಿದ್ದಿದ್ದ ರತ್ನಾಳ ಅಪ್ಪ ಪುಟ್ಟಣ್ಣನವರು ಒಳಗಿನ ಕೋಣೆಯಿಂದ ಇಣುಕುತ್ತಿದ್ದರು. ಕೊನೆಗೆ ಆಮೆನ್ ಅಂದರೆ ಸಾಕು ಎಂದು ಹೇಮಚಂದ್ರ ಎಲ್ಲರಿಗೂ ಹೇಳಿಕೊಟ್ಟಿದ್ದ.

ಮೇಷ್ಟ್ರು ಗೋಡೆಯಾಚೆ ನಿಂತು ತಡವರಿಸುತ್ತ ಕದ್ದೀಶ್ ಮುಗಿಸಿದರು. ಹುಟ್ಟುಗುಣ ಎಲ್ಲಿಗೆ ಹೋದೀತು? ಪುಟ್ಟಣ್ಣನವರು ಕಣ್ಣು ಮುಚ್ಚಿ, ಭಜನೆ ಮುಗಿದಾಗ ಕೂಗುವಂತೆ, "ಗೋವಿಂದಾ!" ಎಂದರು. ಉಳಿದ ಒಂಬತ್ತು ಮಂದಿ ಒಕ್ಕೊರಲಿನಿಂದ "ಗೋವಿಂದ!" ಎಂದು ದನಿಗೂಡಿಸಿದರು.

ಹೇಮಚಂದ್ರನಿಗೆ ಭೂಮಿ ಬಾಯಿ ಬಿಡಬಾರದೇ ಎನ್ನಿಸಿತು. ಮೇಷ್ಟ್ರ ಭುಜ ಕುಲುಕಿತು. ನಗುತ್ತಿದ್ದಾರೋ ಅಳುತ್ತಿದ್ದಾರೋ ತಿಳಿಯಲಿಲ್ಲ, ಎರಡೂ ಆಗಿತ್ತು.

"ನಿಮ್ಮಲ್ಲಿ ಒಬ್ಬರೂ ಲೆಕ್ಕಕ್ಕೆ ಬರುವುದಿಲ್ಲ," ಎಂದರು ಕಣ್ಣೊರೆಸಿಕೊಳ್ಳುತ್ತ. "ಇದನ್ನು ದಿನಾ ಹೇಳಬೇಕು. ನಾಳೆಯೂ ಬನ್ನಿ. ಆ ಹಿರಿಯರು ಮಾತ್ರ ತಪ್ಪಿಸಬಾರದು."