ಗಿಡದವ್ವನಿಗೆ ನಾನು ಬರೆದ ಮುಖ

ತೊಂಬತ್ತರ ದಶಕದ ನಡುವಿನ ಮಾತು. ಆಗ ನಾನು ದೇವರ ಹಿಪ್ಪರಗಿಯ ಹೈಸ್ಕೂಲೊಂದರಲ್ಲಿ ಚಿತ್ರಕಲಾ ಮಾಸ್ತರನಾಗಿದ್ದೆ. ಸಿಂದಗಿ ರಸ್ತೆಯಲ್ಲಿ ಬಸ್ಸಿಳಿದು ಅರ್ಧ ತಾಸು ನಡೆದರೆ ನನ್ನ ದೊಡ್ಡವ್ವನ ಊರು. ಆಕೆ ನನ್ನ ಅವ್ವನ ಅಕ್ಕ. ಅವ್ವ ತೀರಿಕೊಂಡ ಮೇಲೆ ರವಿವಾರ ಬಂತೆಂದರೆ ನಾನು ಅಲ್ಲಿಗೇ ಹೋಗುತ್ತಿದ್ದೆ.

ಊರ ಅಂಚಿಗಿದ್ದ ದೊಡ್ಡವ್ವನ ಹೊಲದ ಬದುವಿನಲ್ಲಿ ಒಂದು ಬೇವಿನ ಗಿಡ. ಬುಡದಲ್ಲಿ ಮೊಳಕಾಲೆತ್ತರದ ಕಲ್ಲು. ಮುಖವಿಲ್ಲ, ಕೈಕಾಲಿಲ್ಲ. ಅದನ್ನು ಎಲ್ಲರೂ ಗಿಡದವ್ವ ಎನ್ನುತ್ತಿದ್ದರು. ಆ ದೇವತೆ ಕಲ್ಲಿನಲ್ಲಿದ್ದಾಳೋ ಗಿಡದಲ್ಲಿದ್ದಾಳೋ ಯಾರೂ ಕೇಳಿದ್ದಿಲ್ಲ. ಪೂಜಾರಿ ಅಂತ ಒಬ್ಬರಿರಲಿಲ್ಲ. ಮಂಗಳವಾರ ದೊಡ್ಡವ್ವ ಒಂದು ತಂಬಿಗೆ ನೀರು ಹಾಕಿ, ಅರಿಷಿಣ ಕುಂಕುಮ ಬಳಿದು ಬರುವಳು. ಬಿತ್ತುವ ಮುಂಚೆ ಮಣ್ಣು ಮುಟ್ಟಿ, "ಯವ್ವಾ, ನಿನ್ನ ಮೈಮ್ಯಾಲ ಕಬ್ಬಣ ಹಾಕತೇವಿ, ಸಿಟ್ಟಾಗಬ್ಯಾಡ" ಅನ್ನುವಳು. ಎಳ್ಳಮಾಸಿಗೆ, ಅಂದರೆ ಎಳ್ಳು ಅಮಾವಾಸ್ಯೆಗೆ, ಸಜ್ಜಿ ರೊಟ್ಟಿ, ಪುಂಡಿಪಲ್ಯ, ಕಡಬು ಹೊತ್ತು ಹೋಗಿ, ಉಣ್ಣುವ ಮುಂಚೆ ಬೆಳೆಗೆ ಒಂದಿಷ್ಟು ಚೆಲ್ಲುವಳು. ನಮ್ಮ ಕಡೆ ಇದಕ್ಕೆ ಚರಗ ಚೆಲ್ಲುವುದು ಎನ್ನುತ್ತಾರೆ. ಕೈಗುಣ ಚಲೋ ಎಂದು ಸುತ್ತಲಿನ ಹೊಲದವರೂ ಆಕೆಯಿಂದಲೇ ಚೆಲ್ಲಿಸುತ್ತಿದ್ದರು.

ಒಂದು ರವಿವಾರ ಸಂಜೆ ನಾಲ್ಕಕ್ಕೆ ಟೀವಿಯಲ್ಲಿ ಭಕ್ತಿ ಚಿತ್ರವೊಂದಿತ್ತು. ಊರಿಗೆ ಇದ್ದದ್ದೇ ಎರಡೋ ಮೂರೋ ಟೀವಿ. ದೊಡ್ಡವ್ವನನ್ನು ನಾನೇ ಕರೆದುಕೊಂಡು ಹೋಗಿ ಪಕ್ಕದ ಮನೆಯ ಪಡಸಾಲೆಯಲ್ಲಿ ಕೂರಿಸಿದೆ. ಚಿತ್ರದಲ್ಲಿ ಬಂಗಾರದ ಕಿರೀಟ ತೊಟ್ಟ ದೇವಿ ಬೆಂಕಿಯೊಳಗಿಂದ ಎದ್ದು ಬಂದಾಗ ಹೆಂಗಸರೆಲ್ಲ ಕೈಮುಗಿದರು. ದೊಡ್ಡವ್ವನೂ ಮುಗಿದಳು. ಆ ದೇವಿಗೆ ಎದುರಾಗಿ ಅಡವಿಯ ಮಂದಿ ಇದ್ದರು. ಕೂದಲು ಕೆದರಿದ ಮುದುಕಿಯೊಬ್ಬಳು ಗಿಡದ ಬುಡದ ಕಲ್ಲಿಗೆ ಕುಂಕುಮ ಬಳಿದು, ಅನ್ನ ಚೆಲ್ಲಿ, ಗಹಗಹಿಸಿ ನಗುತ್ತಿದ್ದಳು. ಆಕೆ ಮುಷ್ಟಿ ಬಿಗಿದರೆ ಊರ ಕೂಸುಗಳು ನೀಲಿಗಟ್ಟುತ್ತಿದ್ದವು. ಕಡೆಗೆ ದೇವಿ ಆಕೆಯನ್ನು ಸುಟ್ಟಳು. ಪಡಸಾಲೆಯ ಹುಡುಗರು ಸಿಳ್ಳೆ ಹೊಡೆದರು.

ಮನೆಗೆ ಬರುವಾಗ ದೊಡ್ಡವ್ವ ಕೇಳಿದಳು:

"ತಮ್ಮಾ, ಆ ಮುದುಕಿ ಮಾಡಿದ್ದು ನಾ ಮಾಡೂದ ಅಲ್ಲೇನೋ?"

"ಏ, ಅದು ಸಿನಿಮಾ ದೊಡ್ಡವ್ವಾ. ತಲಿಗೆ ಹಚ್ಕೋಬ್ಯಾಡ."

"ಸಿನಿಮಾ ಅನ್ನೂದು ನನಗೂ ತಿಳಿತೈತಿ. ಆದ್ರ ಕಲ್ಲಿಗೆ ನೀರ ಹಾಕಾವ್ರನ್ನ ಯಾಕ ಸುಡತಾರ?"

ನಾನು ನಕ್ಕು ಹಾರಿಸಿದೆ.

ಮುಂದಿನ ಬೇಸಿಗೆಯಲ್ಲಿ ಊರಿನ ನಾಲ್ಕೈದು ತರುಣರು ಸಾಲೆಗೆ ಬಂದರು. ಆ ಚಿತ್ರದ ಗುಂಗು ಅವರಿಗೆ ಇನ್ನೂ ಇಳಿದಿರಲಿಲ್ಲ. "ಸರ, ನಮ್ಮ ಗಿಡದವ್ವಗ ಗುಡಿ ಕಟ್ಟಾಕತ್ತೇವಿ. ಕಲ್ಲ ಇಟ್ಕೊಂಡ ಕುಂತ್ರ ಯಾರ ಬರ್ತಾರ್ರಿ? ಹಿಂದಿನ ಗ್ವಾಡಿಗೆ ನೀವು ದೇವಿ ಬರದ ಕೊಡ್ರಿ, ಸಿನಿಮಾದಾಗ ಇದ್ದಂಗ" ಎಂದು ಪೋಸ್ಟರಿನ ಒಂದು ತುಂಡನ್ನು ಮುಂದಿಟ್ಟರು.

ಇಲ್ಲ ಅನ್ನಬಹುದಿತ್ತು. ಊರಲ್ಲಿ ನನ್ನ ಕೈಕೆಲಸ ಎಲ್ಲರೂ ನೋಡುತ್ತಾರೆ ಎಂಬ ಆಸೆ ನನಗೆ. ಎರಡು ರವಿವಾರ ಕೂತು ಕಿರೀಟ, ತ್ರಿಶೂಲ, ಕೆಂಪು ಕಣ್ಣು ಎಲ್ಲ ಬರೆದೆ. ಅಷ್ಟರಲ್ಲಿ ತಗಡು ಹೊದಿಸಲು ಗಿಡದ ಟೊಂಗೆಗಳನ್ನು ಕಡಿದಿದ್ದರು. ಪಾಯ ತೆಗೆಯುವಾಗ ಬೇರುಗಳೂ ಹೋದವು. ಕಲ್ಲನ್ನು ಸಿಮೆಂಟಿನ ಕಟ್ಟೆಯೊಳಗೆ ಹಾಕಿ ಮುಚ್ಚಿದರು.

ದೊಡ್ಡವ್ವ ತಂಬಿಗೆ ಹಿಡಿದು ಬಂದು ಗೋಡೆಯನ್ನು ನೋಡುತ್ತ ನಿಂತಳು.

"ಇಕಿ ಯಾರು?"

"ನಮ್ಮ ಗಿಡದವ್ವನ, ದೊಡ್ಡವ್ವಾ."

"ಅಲ್ಲ" ಎಂದಳು. ಸಿಟ್ಟಿನಿಂದ ಅಂದದ್ದಲ್ಲ. ಸಂತೆಯಲ್ಲಿ ಗುರುತಿನವರೆಂದು ಯಾರನ್ನೋ ಕರೆದು, ಅವರು ತಿರುಗಿದಾಗ ಬೇರೆಯವರಾಗಿದ್ದರೆ ಹೇಗೆ ಅನ್ನುತ್ತೇವೋ ಹಾಗೆ. "ನೀರ ಎಲ್ಲಿ ಹಾಕಲೋ ತಮ್ಮಾ?" ಎಂದು ಕೇಳಿದಳು. ಹೊಸದಾಗಿ ನೇಮಿಸಿದ ಪೂಜಾರಿ, "ಒಳಗ ಬರಬ್ಯಾಡ್ರಿ, ಅಲ್ಲೇ ಇಡ್ರಿ, ನಾ ಹಾಕತೇನಿ" ಎಂದ. ಆಕೆ ತಂಬಿಗೆಯನ್ನು ಕಟ್ಟೆಯ ಅಂಚಿಗಿಟ್ಟು ಕೈ ಹಿಂದಕ್ಕೆ ತೆಗೆದುಕೊಂಡಳು.

ಎಳ್ಳಮಾಸಿಗೆ ಮಾತ್ರ ಎಂದಿನಂತೆ ಬುಟ್ಟಿ ಹೊತ್ತು ಹೊಲಕ್ಕೆ ಹೊರಟಳು. ಆಕೆಯ ಹಿಂದೆ ನಾನಿದ್ದೆ. ಚರಗ ಚೆಲ್ಲುವಾಗ ಪಕ್ಕದ ಹೊಲದ ಹುಡುಗಿಯೊಬ್ಬಳು ಚಿತ್ರದ ಮುದುಕಿಯ ಹಾಗೆ ಕೈ ಎತ್ತಿ ನಕ್ಕಳು. ಉಳಿದ ಮಕ್ಕಳೂ ನಕ್ಕವು. ಆ ಹುಡುಗಿಯ ತಾಯಿ ಗದರಿಸಲಿಲ್ಲ. ಮಡಿಲ ಕೂಸಿಗೆ ಸೆರಗು ಮುಚ್ಚಿ, ಮೆಲ್ಲಗೆ ಆಚೆ ತಿರುಗಿ ಕೂತಳು. ಹಿಂದಿನ ವರ್ಷ ಅದೇ ಹೆಣ್ಣುಮಗಳು ದೊಡ್ಡವ್ವನನ್ನು ಕರೆದು ತನ್ನ ಹೊಲದಲ್ಲೂ ಚೆಲ್ಲಿಸಿದ್ದಳು. ಈ ಸಲ ಯಾರೂ ಕರೆಯಲಿಲ್ಲ. ದೊಡ್ಡವ್ವ ನೋಡಿಯೂ ನೋಡದವಳಂತೆ ಬುಟ್ಟಿ ಖಾಲಿ ಮಾಡಿದಳು.

ಅದೇ ಆಕೆಯ ಕಡೆಯ ಚರಗ. ಬೇವಿನ ಗಿಡ ಎರಡು ವರ್ಷ ಚಿಗುರಲು ಹೆಣಗಿ ಒಣಗಿತು. ಗುಡಿಗೆ ಮಂದಿ ಹೆಚ್ಚಾಗಿದ್ದರು, ಮಂಗಳವಾರ ಮೈಕು ಹಚ್ಚುತ್ತಿದ್ದರು. ದೊಡ್ಡವ್ವ ಹಾಸಿಗೆ ಹಿಡಿದಾಗ ನಾನು ಕೇಳಿದೆ, "ಗಾಡಿ ಹೂಡಿಸ್ತೇನಿ, ಒಮ್ಮಿ ಗಿಡದವ್ವನ ನೋಡಿ ಬರೂಣೇನು?"

ಆಕೆ ಗೋಡೆಯ ಕಡೆ ಮಗ್ಗಲಾದಳು. "ಬ್ಯಾಡೋ ಯಪ್ಪಾ. ಅಲ್ಲಿ ನನಗ ಗುರ್ತಿನವ್ರ ಯಾರೂ ಇಲ್ಲ."

ನಾನೇ ಬರೆದ ಮುಖ ಅದು. ಕ್ಷಮೆ ಕೇಳುವ ಬದಲು ಆಕೆಯ ಹೊದಿಕೆ ಸರಿಮಾಡಿ ಎದ್ದುಬಂದೆ. ಹದಿನೈದು ದಿನದಲ್ಲಿ ಆಕೆ ಹೋದಳು.

ಮರುವರ್ಷದ ಎಳ್ಳಮಾಸಿಗೆ ಹೋದಾಗ ಆಕೆಯ ಮಗ, ನನ್ನ ತಮ್ಮ, ಮನೆಯಲ್ಲೇ ಕೂತಿದ್ದ.

"ಹೊಲಕ್ಕ ಹೋಗೂದಿಲ್ಲೇನು?" ಎಂದೆ.

"ಯಾಕಣ್ಣಾ ಅದೆಲ್ಲಾ?" ಎಂದ ಅವನು, ದನಿ ತಗ್ಗಿಸಿ. "ಮಗಳನ್ನ ನೋಡಾಕ ಬರವ್ರು ಅದಾರ. ಹಿಂಗ ಅನ್ನ ಚೆಲ್ಲೂದು ಕಂಡ್ರ ಏನ ತಿಳಕೊಂಡಾರು?"

ಒಳಗೆ ಟೀವಿ ಹಚ್ಚಿದ್ದರು. ಅವನ ಹೆಂಡತಿ ತಾಟು ತಂದಿಟ್ಟಳು. ಇಬ್ಬರೂ ಅಲ್ಲೇ ಕೂತು ಉಂಡೆವು.